ರಾತ್ರಿ ಪಾಳಿಯ ಡಿಪ್ಲೊಮಾ

ಜೂನ್ 3, ಮಂಗಳವಾರ

ಅಳವಂಡಿ ಕಡೆ ಮತ್ತೊಂದು ಟ್ರಾನ್ಸ್‌ಫಾರ್ಮರ್ ಸುಟ್ಟಿದೆ. ಆಫೀಸಿನ ಗೇಟಿನಲ್ಲೇ ರೈತರು ಮುತ್ತಿಕೊಂಡರು. “ಸಂಜಿಯೊಳಗ ಕೂಡಸ್ತೀನ್ರಿ” ಎಂದೆ. ಕೂಡಿಸಿಯೂ ಬಿಟ್ಟೆ. ಜೂನಿಯರ್ ಎಂಜಿನಿಯರ್ ಕುರ್ಚಿ ನನಗೆ ಹೇಳಿ ಮಾಡಿಸಿದ ಹಾಗಿದೆ. ಸುಮ್ಮನೆ ಹೇಳುತ್ತಿಲ್ಲ.

ಮಧ್ಯಾಹ್ನ ಹೈಕೋರ್ಟ್ ಆದೇಶ ಬಂತು. ಗವಿಸಿದ್ದೇಶ ಹಾಕಿದ ಕೇಸ್. ಸೀನಿಯಾರಿಟಿಯಲ್ಲಿ ನನ್ನ ಹಿಂದೆಯೇ ಇದ್ದಾನೆ — ನಾನು ಇಳಿದರೆ ಅವನು ಏರುತ್ತಾನೆ. ಅವನ ವಾದ: ರೆಗ್ಯುಲರ್ ಡಿಪ್ಲೊಮಾ ಅಂದರೆ ಹಗಲು ಕಾಲೇಜು. ದುರ್ಗಾದೇವಿಯ, ಅಂದರೆ ನನ್ನ, ಡ್ಯೂಟಿಯೂ ಹಗಲು. ಒಬ್ಬಳೇ ಎರಡು ಕಡೆ ಹೇಗಿದ್ದಳು? ವಿದ್ಯುತ್ ಕಂಪನಿಯೇ ವಿಚಾರಣೆ ಮಾಡಿ ತೀರ್ಮಾನಿಸಲಿ ಎಂದಿದೆ ಕೋರ್ಟ್. ಡಿಪ್ಲೊಮಾ ಬಿದ್ದರೆ ಪ್ರಮೋಷನ್ ಬಿತ್ತು. ಮತ್ತೆ ಆಪರೇಟರ್.

ಮಾಡಲಿ. ನಾನು ಕಾಲೇಜಿಗೆ ಹೋದದ್ದು ಕೊಪ್ಪಳ ಬಸ್ ಡಿಪೋದ ಅರ್ಧ ಕಂಡಕ್ಟರುಗಳಿಗೆ ಗೊತ್ತು.

ಜೂನ್ 5

ಮೆಹಜಬೀನ ವಕೀಲರ ಬಳಿ ಎಲ್ಲವನ್ನೂ ಬಿಚ್ಚಿಟ್ಟೆ. ಡಿಪ್ಲೊಮಾ ಓದುವಾಗ ನಾನು ಸಬ್‌ಸ್ಟೇಷನ್ನಿನಲ್ಲಿ ಆಪರೇಟರ್. ಹೆಂಗಸರ ಹೆಸರಿಗೆ ರಾತ್ರಿ ಪಾಳಿ ಬರೆಯುವ ಪದ್ಧತಿ ನಮ್ಮಲ್ಲಿರಲಿಲ್ಲ. ನನಗೆ ಕಾಲೇಜಿಗೆ ಹಗಲು ಬೇಕು. ರಾತ್ರಿ ಪಾಳಿಯ ಆಪರೇಟರ್ ಹನುಮಣ್ಣನಿಗೆ ಸಕ್ಕರೆ ಕಾಯಿಲೆ, ರಾತ್ರಿ ನಿದ್ದೆ ಬೇಕು. ಅದಲು ಬದಲು ಮಾಡಿಕೊಂಡೆವು. ಕೋರ್ಸ್ ಮುಗಿಯುವವರೆಗೆ ರಾತ್ರಿ ಕೂತವಳು ನಾನು, ಹಗಲು ಕೂತವನು ಅವನು. ಡ್ಯೂಟಿ ಚಾರ್ಟಿನಲ್ಲಿ ಮಾತ್ರ ಉಲ್ಟಾ. ಕೂತವರು ಯಾರೇ ಆಗಲಿ, ಸಹಿ ಚಾರ್ಟಿನಲ್ಲಿ ಹೆಸರಿದ್ದವರದು — ಸ್ಟೇಷನ್ನಿನಲ್ಲಿ ಎಲ್ಲರೂ ಹೀಗೇ ನಡೆಸುತ್ತಿದ್ದರು. ಕರೆಂಟ್ ಹೋಗಬಾರದು, ಅಷ್ಟೇ.

ಮೇಡಂ ಕನ್ನಡಕ ತೆಗೆದರು. “ಹನುಮಣ್ಣ ಬಂದು ಇದನ್ನ ಹೇಳಿದ್ರ ನೀವು ಗೆದ್ದಂಗ. ಇಲ್ಲಾಂದ್ರ ಡಿಪ್ಲೊಮಾನರ ಸುಳ್ಳು, ಡ್ಯೂಟಿನರ ಸುಳ್ಳು ಅಂತಾರ.”

“ಹೇಳ್ತಾನ್ರಿ. ಒಡಹುಟ್ಟಿದಾಂವ ಇದ್ದಂಗ ಅದಾನ.”

ಬರುವಾಗ ಬಸ್‌ಸ್ಟ್ಯಾಂಡ್ ಹತ್ತಿರ ಮಿರ್ಚಿ ಭಜಿ ತಿಂದೆ. ಗೆದ್ದವಳ ಹಾಗೆ.

ಜೂನ್ 8, ಭಾನುವಾರ

ಕುಷ್ಟಗಿ. ಹನುಮಣ್ಣನ ಮನೆ. ಕೇಳಿ ಮುಗಿಸುವ ಮೊದಲೇ “ಬರ್ತೀನವಾ, ಅದಕ್ಕೇನ ಕೇಳೂದು” ಎಂದ. ಅವನ ಹೆಂಡತಿ ಗಾಳೆಮ್ಮ ರೊಟ್ಟಿ, ಪುಂಡಿಪಲ್ಯ ಬಡಿಸಿದಳು. ನನ್ನನ್ನು ಕಳಿಸಲು ಬೀದಿಯವರೆಗೆ ಬಂದಾಗ ಸೆರಗಿನಿಂದ ಕಣ್ಣು ಒರೆಸಿಕೊಂಡಳು.

“ತಂಗಿ, ಈ ತಿಂಗಳ ಕಡೀಕ ಇವರು ರಿಟೈರ್ ಆಗ್ತಾರ. ಕುಂದರದ ಪಾಳಿಗೆ ಸಹಿ ಮಾಡೀನಿ ಅಂತ ಇವರ ಬಾಯಿಲೇ ಬಂದ್ರ ಪೆನ್ಶನ್ ಹಿಡೀತಾರಂತ. ಹೌದೇನು?”

“ವಕೀಲರನ್ನ ಕೇಳ್ತೀನಿ” ಎಂದೆ. ಇಷ್ಟು ದಿನ ನನ್ನ ಕುರ್ಚಿಯೊಂದೇ ಕಣ್ಣಿಗೆ ಬಿದ್ದಿತ್ತು. ಭಾಳ ನಾಚಿಕೆಯಾಯಿತು.

ಜೂನ್ 19

ಏನೂ ಬರೆಯಬೇಕು ಅನ್ನಿಸಿರಲಿಲ್ಲ. ಗಾಳೆಮ್ಮನಿಗಿದ್ದ ಹೆದರಿಕೆ ನಿಜವೇ ಎಂದರು ವಕೀಲರು. ಹಿಡಿದೇ ಹಿಡಿಯುತ್ತಾರೆ ಅಂತಲ್ಲ... ಹಿಡಿಯಬಹುದು.

ಇವತ್ತು ಡಿವಿಜನ್ ಆಫೀಸಿನಲ್ಲಿ ಗವಿಸಿದ್ದೇಶ ಎದುರಾದ. “ಮೇಡಮ್, ಸಿಟ್ಟಾಗಬ್ಯಾಡ್ರಿ. ನನಗೂ ಪ್ರಮೋಷನ್ ಬೇಕಲ್ರಿ.”

“ಬೇಕಪಾ. ಆದ್ರ ನಾ ಕುಂತ ಕುರ್ಚಿನ ಯಾಕ? ಬ್ಯಾರೇದು ನೋಡ್ಕೊ.”

ಅವನೂ ನಕ್ಕ. ಕೆಟ್ಟವನಲ್ಲ. ಆದರೂ ಮನಸ್ಸಿನಲ್ಲಿ ಒಂದಿಷ್ಟು ಬೈದೆ.

ಜೂನ್ 24, ಮಧ್ಯಾಹ್ನ. ವಿಚಾರಣೆ ಕೋಣೆಯ ಹೊರಗೆ, ಬೆಂಚು

ಕಾಯುತ್ತಾ ಬರೆಯುತ್ತಿದ್ದೇನೆ. ಬೆಳಿಗ್ಗೆ ಒಳಗೆ ಚೆನ್ನಾಗಿಯೇ ಉತ್ತರ ಕೊಟ್ಟೆ. ಕಾಲೇಜು, ಪ್ರಾಕ್ಟಿಕಲ್, ರಿಲೇ ಟೆಸ್ಟಿಂಗ್ — ಕೇಳಿದ್ದಕ್ಕೆಲ್ಲ ಪಟಪಟ. ಕೊನೆಗೆ ವಿಚಾರಣಾಧಿಕಾರಿ ಕೇಳಿದರು: “ರಾತ್ರಿ ನೀವೇ ಇದ್ದಿರಿ ಅನ್ನೋದಕ್ಕೆ ಸಾಕ್ಷಿ ಯಾರಿದ್ದಾರೆ?”

ಹಿಂದೆ ಕುರ್ಚಿ ಸರಿದ ಸದ್ದು. ಹನುಮಣ್ಣ. ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿಕೊಂಡು ಬಂದಿದ್ದ.

“ಯಾರೂ ಇಲ್ರಿ” ಎಂದುಬಿಟ್ಟೆ.

ಮೆಹಜಬೀನ ಮೇಡಂ ನನ್ನ ಮುಖವನ್ನೇ ನೋಡಿದರು. ಊಟಕ್ಕೆ ಬಿಟ್ಟರು. ಪ್ರಮೋಷನ್ ಹೋಯಿತು ಅಂದುಕೊಂಡೆ. ಆದರೆ ಸರಿಯಾದದ್ದನ್ನೇ ಮಾಡಿದೆ ಅಂತ ಒಂದು ಹಮ್ಮೂ ಇತ್ತು.

ಆ ಹಮ್ಮನ್ನು ಹನುಮಣ್ಣ ಇಲ್ಲೇ, ಇದೇ ಬೆಂಚಿನ ಹತ್ತಿರ ಇಳಿಸಿದ.

“ಯಾರೂ ಇಲ್ಲ ಅಂದ್ಯಲ್ಲ. ಹಂಗಾರ ನಾ ಯಾರವಾ?”

“ಅಣ್ಣಾ, ನಿನ್ನ ಪೆನ್ಶನ್...”

“ಪೆನ್ಶನ್ ನಂದು, ಅದರ ಚಿಂತಿನೂ ನಂದು. ಗಾಳೆಮ್ಮಗ ಹೇಳೇ ಬಂದೀನಿ. ನಿನ್ನಿಂದ ರಾತ್ರಿ ನಿದ್ದಿ ಮಾಡಿ ಉಳದಾಂವ ನಾನು. ನನ್ನ ಸಣ್ಣಾಂವನ್ನ ಮಾಡಬ್ಯಾಡ.”

ಊಟದ ನಂತರ ಯಾರೂ ಕರೆಯದಿದ್ದರೂ ಸೀದಾ ಒಳಗೆ ಹೋದ. ಬಾಗಿಲು ಅರ್ಧ ತೆರೆದಿದೆ. ಅವನ ದನಿ ಇಲ್ಲಿಗೂ ಕೇಳುತ್ತಿದೆ.

“ಹೆಣ್ಣಮಗಳು ಅಂತ ಆಕಿ ಹೆಸರಿಗೆ ರಾತ್ರಿ ಪಾಳಿ ಬರೀಲಿಲ್ರಿ ಸಾಹೇಬ್ರ. ರಾತ್ರಿ ಕುಂತಾಕಿ ಮಾತ್ರ ಆಕಿನ.”

ಅಳು ಬರುತ್ತಿದೆ. ಅಳುವ ಹೊತ್ತಲ್ಲ ಇದು. ಬದಲಿ ಮಾಡೋಣ ಅಂತ ಮೊದಲು ಕೇಳಿದವಳು ನಾನು. ಅದನ್ನು ಅವನು ಹೇಳುವುದಿಲ್ಲ, ಗೊತ್ತಿದೆ. ನಾನೇ ಒಳಗೆ ಹೋಗಿ ಹೇಳುತ್ತೇನೆ.