ದೊಡ್ಡಗಂಗಮ್ಮನವರ ಕೈ ಲೆಕ್ಕಕ್ಕುಂಟೇ, ಇಲ್ಲವೇ?

ನಮ್ಮ ಸಹಕಾರ ಸಂಘದ ಚುನಾವಣಾ ತಕರಾರನ್ನು ವಿಚಾರಿಸುತ್ತಿರುವ ಮಾನ್ಯ ಅಧಿಕಾರಿಗಳೇ,

ತಾವು ತೀರ್ಪು ಕೊಡುತ್ತಿಲ್ಲ. ಕೊಡದೆ ಇರುವುದರಿಂದಲೇ ಇಲ್ಲಿ ತೀರ್ಪು ಆಗಿಹೋಗುತ್ತಿದೆ. ನನ್ನ ದೂರು ಇಷ್ಟೇ. ತಮ್ಮ ಕಚೇರಿಗೆ ಬರೆದ ಅರ್ಜಿಗಳಿಗೆಲ್ಲ ‘ಪರಿಶೀಲನೆಯಲ್ಲಿದೆ’ ಎಂಬ ಒಂದೇ ಉತ್ತರ ಬಂದದ್ದರಿಂದ, ಈಗ ನಾಲ್ಕು ಜನ ಓದುವಂತೆ ಪತ್ರಿಕೆಗೆ ಬರೆಯುತ್ತಿದ್ದೇನೆ.

ನಾನು ತಾಯಲೂರು ಹೋಬಳಿಯ ಒಬ್ಬ ರೈತ. ಕಳೆದ ವರ್ಷ, ಅಂದರೆ ೧೯೪೩ರಲ್ಲಿ, ನಮ್ಮ ಸಂಘದ ಅಧ್ಯಕ್ಷರ ಚುನಾವಣೆಯ ದಿನ ಎರಡು ಕಡೆಯವರೂ ಒಪ್ಪಿ ನನ್ನನ್ನು ಸಭಾಪತಿಯಾಗಿ ಕೂರಿಸಿದ್ದರು. ಸಂಘ ಹುಟ್ಟಿದಂದಿನಿಂದ ಅಧ್ಯಕ್ಷರಾಗಿದ್ದ ಅಶ್ವತ್ಥಪ್ಪನವರು ಒಂದು ಕಡೆ, ಅವರೆದುರು ನಿಲ್ಲುವ ಧೈರ್ಯ ಮಾಡಿದ ಮುನಿರಾಮಪ್ಪ ಇನ್ನೊಂದು ಕಡೆ. ಯುದ್ಧ ಬಂದ ಮೇಲೆ ಸೀಮೆಎಣ್ಣೆ, ಬಟ್ಟೆ, ಬಿತ್ತನೆ ಕಡಲೆಕಾಯಿ ಎಲ್ಲವೂ ಸಂಘದ ಉಗ್ರಾಣದಿಂದಲೇ ಹಂಚಿಕೆಯಾಗಬೇಕು. ಉಗ್ರಾಣದ ಬೀಗ ಅಧ್ಯಕ್ಷರ ಕೈಯಲ್ಲಿ. ಯಾರ ಮನೆಯಲ್ಲಿ ದೀಪ ಉರಿಯಬೇಕು, ಯಾರ ಹೊಲ ಬೀಳು ಬೀಳಬೇಕು ಎಂಬುದನ್ನು ಆ ಕುರ್ಚಿಯೇ ನಿರ್ಧರಿಸುತ್ತದೆ. ಅಂಥ ಕುರ್ಚಿಯಿಂದ ಯಾರಾದರೂ ಸುಮ್ಮನೆ ಎದ್ದು ಹೋದಾರೆಯೇ?

ಹುಣಸೆ ತೋಪಿನಲ್ಲಿ ಹಾಡಹಗಲೇ ಕೈ ಎತ್ತಿಸಿ ಎಣಿಸಿದೆ. ಮುನಿರಾಮಪ್ಪನಿಗೆ ಒಂದು ಕೈ ಹೆಚ್ಚು ಬಂತು. ಅಶ್ವತ್ಥಪ್ಪನವರು ಮತ್ತೆ ಎಣಿಸಿ ಎಂದರು, ಎಣಿಸಿದೆ. ಅದೇ ಫಲ. ಅವರು ನಗುನಗುತ್ತಲೇ ಗೆದ್ದವನಿಗೆ ಎಲೆ ಅಡಿಕೆ ಕೊಟ್ಟು, ಮಾರನೆಯ ದಿನ ತಮ್ಮಲ್ಲಿಗೆ ಬಂದು ತಕರಾರು ಹೂಡಿದರು.

ತಕರಾರು ಏನೆಂದು ತಮಗೆ ಗೊತ್ತು, ಓದುಗರಿಗೆ ಗೊತ್ತಿಲ್ಲ. ನಮ್ಮ ಸಂಘದ ಸದಸ್ಯ ಸೊಣ್ಣಪ್ಪ ತೀರಿಕೊಂಡ ಮೇಲೆ ಅವನ ಷೇರು ಹೆಂಡತಿ ದೊಡ್ಡಗಂಗಮ್ಮನವರ ಹೆಸರಿಗೆ ಬಂದಿತ್ತು. ವರ್ಗಾವಣೆಯ ಠರಾವಿಗೆ ಸಹಿ ಹಾಕಿದವರು ಅಶ್ವತ್ಥಪ್ಪನವರೇ. ಆಕೆ ಅವರ ಕಡೆ ಕೈ ಎತ್ತುತ್ತಾಳೆಂಬ ನಂಬಿಕೆ ಇದ್ದಷ್ಟು ದಿನ ಆಕೆ ಸದಸ್ಯಳು. ಮುನಿರಾಮಪ್ಪನ ಕಡೆ ಎತ್ತಿದ ಗಳಿಗೆಯಿಂದ ಆ ಠರಾವು ಅಕ್ರಮ, ಆಕೆಯ ಕೈ ಲೆಕ್ಕಕ್ಕಿಲ್ಲ, ಅದನ್ನು ಕಳೆದರೆ ಎರಡು ಕಡೆಯೂ ಸಮ, ಗೆದ್ದವರೇ ಇಲ್ಲ. ಅವರೇ ಮಾಡಿದ್ದನ್ನು ಅವರೇ ಅಕ್ರಮವೆನ್ನುವ ಈ ಪ್ರಾಮಾಣಿಕತೆಗೆ ಮೆಚ್ಚಿಯೋ ಏನೋ, ವಿಚಾರಣೆ ಮುಗಿಯುವವರೆಗೆ ಹಳೆಯ ಅಧ್ಯಕ್ಷರೇ ‘ತಾತ್ಕಾಲಿಕವಾಗಿ’ ಮುಂದುವರಿಯಲಿ ಎಂದು ತಾವು ಆಜ್ಞೆ ಮಾಡಿದಿರಿ. ಆ ತಾತ್ಕಾಲಿಕಕ್ಕೆ ಈಗ ವರ್ಷ ತುಂಬುತ್ತಾ ಬಂತು. ತಾವು ನಮ್ಮ ಕಡೆ ಕ್ಯಾಂಪಿಗೆ ಬಂದಾಗ ಅಶ್ವತ್ಥಪ್ಪನವರ ಮಾವಿನ ತೋಟದ ಮನೆಯಲ್ಲೇ ಇಳಿದುಕೊಂಡಿರಿ. ಇದನ್ನು ಆಪಾದನೆಯೆಂದು ಹೇಳುತ್ತಿಲ್ಲ. ಊರಿನವರಿಗೆ ಕಣ್ಣಿದೆ ಎಂದಷ್ಟೇ ಹೇಳುತ್ತಿದ್ದೇನೆ.

ತಾವು ದಿನ ಮುಂದೂಡುತ್ತಾ ಹೋದ ಹಾಗೆ ಇಲ್ಲಿ ಏನಾಯಿತು, ಕೇಳಿ. ಮುನಿರಾಮಪ್ಪನ ಕಡೆ ಕೈ ಎತ್ತಿದ್ದ ಆಂಜಿನಪ್ಪನಿಗೆ ಬಿತ್ತನೆ ಬೀಜ ಸಿಗಲಿಲ್ಲ. ತೀರಿಹೋಯಿತು ಅಂದರು. ಸಾಲಿನಲ್ಲಿ ಅವನ ಹಿಂದೆ ನಿಂತಿದ್ದವನಿಗೆ ಸಿಕ್ಕಿತು. ಆಂಜಿನಪ್ಪ ಹೆಂಡತಿ ಮಕ್ಕಳನ್ನು ಕರೆದುಕೊಂಡು ಚಿನ್ನದ ಗಣಿಯ ಕೂಲಿಗೆ ಹೋದ. ಸಾಕ್ಷಿ ಹೇಳುತ್ತೇನೆಂದಿದ್ದ ಒಬ್ಬೊಬ್ಬರೂ ನನ್ನನ್ನು ಕಂಡರೆ ದಾರಿ ಬದಲಿಸತೊಡಗಿದರು.

ದೊಡ್ಡಗಂಗಮ್ಮನವರು ಬದಲಿಸಲಿಲ್ಲ. ಮುಳಬಾಗಿಲಿನ ತಮ್ಮ ಕಚೇರಿಗೆ ವಿಚಾರಣೆಗೆಂದು ನನ್ನ ಜೊತೆ ಗಾಡಿಯಲ್ಲಿ ಬಂದು, ತಾವಿಲ್ಲವೆಂದು ಜವಾನ ಹೇಳಿದಾಗಲೆಲ್ಲ ಅದೇ ಗಾಡಿಯಲ್ಲಿ ಹಿಂತಿರುಗಿದರು. ಒಂದು ಬೆಳಿಗ್ಗೆ ನಾನು ಅವರ ಜಗಲಿಯಲ್ಲಿ ಕೂತಿದ್ದಾಗಲೇ ಅಶ್ವತ್ಥಪ್ಪನವರು ಬಂದರು. ಕೊಟ್ಟ ಮಜ್ಜಿಗೆ ಕುಡಿದರು. ದನಿ ಏರಿಸಲಿಲ್ಲ.

“ವಯಸ್ಸಾಯ್ತು ಕಣಕ್ಕಾ. ಕೈ ಎತ್ತಿದ್ನೋ ಇಲ್ವೋ ಗ್ಯಾಪಕ ಇಲ್ಲ ಅಂದ್ಬಿಡು. ನಿನ್ನ ಪಾಡಿಗೆ ನೀನು ಹುಳ ನೋಡ್ಕೊಂಡಿರು” ಅಂದರು.

“ಕೈ ನಂದು, ಎತ್ತಿದ್ದೂ ನಾನೇ. ಕೇಳಿದ್ರೆ ಹಂಗೇ ಹೇಳ್ತೀನಪ್ಪಾ” ಅಂದರು ಈಕೆ.

ಹುಳವೆಂದರೆ ರೇಷ್ಮೆ ಹುಳು. ಅದೇ ಆಕೆಯ ಜೀವನ. ನಾಲ್ಕನೇ ಜ್ವರ, ಅಂದರೆ ಕೊನೆಯ ಸಲ ಪೊರೆ ಬಿಡುವ ನಿದ್ದೆ, ಮುಗಿಸಿ ಎದ್ದು, ಇನ್ನೇನು ಹಣ್ಣಾಗಿ ಗೂಡು ಕಟ್ಟಬೇಕು ಎನ್ನುವ ಹೊತ್ತಿಗೆ ತಟ್ಟೆ ತಟ್ಟೆಯ ಹುಳುಗಳೆಲ್ಲ ತಲೆ ಒದರಿ, ಹಸಿರು ನೀರು ಕಕ್ಕಿ ಸತ್ತವು. ನಾನು ಹೋಗಿ ಆಕೆಯ ತೋಟದ ಹಿಪ್ಪುನೇರಳೆ ಎಲೆಯನ್ನು ಮೂಸಿದೆ. ಹೊಗೆಸೊಪ್ಪಿನ ಘಾಟು. ಹೊಗೆಸೊಪ್ಪು ನೆನೆಸಿದ ನೀರನ್ನು ಯಾರೋ ಚಿಮುಕಿಸಿದ್ದರು. ಯಾರೆಂದು ನಾನು ಕಂಡಿಲ್ಲ, ಕಾಣದ್ದನ್ನು ಹೇಳುವವನಲ್ಲ.

ದೊಡ್ಡಗಂಗಮ್ಮನವರು ಅಳಲಿಲ್ಲ. ಖಾಲಿ ತಟ್ಟೆಗಳನ್ನು ಬೂದಿ ಹಾಕಿ ಉಜ್ಜುತ್ತಾ ಕೂತಿದ್ದರು. “ಕೋದಂಡಪ್ಪಾ, ಇವತ್ತು ಸೊಪ್ಪಿಗೆ ಬಿದ್ದಿದ್ದು ನಾಳೆ ನನ್ನ ಬಿಂದಿಗೆಗೆ ಬಿದ್ರೆ ಯಾರ್ನ ಕೇಳ್ಲಿ?” ಎಂದು ನನ್ನನ್ನು ಕೇಳಿದರು. ಇದಕ್ಕೆ ತಮ್ಮಲ್ಲಿ ಉತ್ತರ ಇದೆಯೇ? ಆ ವಾರವೇ ಅವರು ಮಾಸ್ತಿ ಕಡೆಯ ತಮ್ಮನ ಮನೆಗೆ ಹೊರಟುಹೋದರು. ಹೋಗುವ ಮೊದಲು, ತಾನು ಕೈ ಎತ್ತಿದ ನೆನಪಿಲ್ಲವೆಂಬ ಹೇಳಿಕೆಗೆ ಹೆಬ್ಬೆಟ್ಟು ಒತ್ತಿದರು. ಆ ಹೇಳಿಕೆ ಮಾತ್ರ ತಮ್ಮ ಕಚೇರಿಯಲ್ಲಿ ಒಂದು ದಿನವೂ ತಡವಾಗದೆ ದಾಖಲಾಯಿತಂತೆ. ನಾನು ಆಕೆಯನ್ನು ದೂರಲಾರೆ. ಬದುಕಿರಬೇಕೆನ್ನುವುದು ತಪ್ಪೇ?

ಇನ್ನು ಉಳಿದ ಸಾಕ್ಷಿ ನಾನೊಬ್ಬನೇ. ಮೊನ್ನೆ ಸಂತೆಯಲ್ಲಿ ಅಶ್ವತ್ಥಪ್ಪನವರ ಗುಮಾಸ್ತ ಬಹಳ ವಿಶ್ವಾಸದಿಂದ ನನ್ನ ಹೆಗಲ ಮೇಲೆ ಕೈಯಿಟ್ಟು, “ವಿಚಾರಣೆ ವಾಯಿದೆ ದಿನ ಗಾಡೀಲಿ ಹೋಗ್ತೀರೋ, ನಡ್ಕೊಂಡೇ ಹೋಗ್ತೀರೋ?” ಎಂದು ಕೇಳಿದ. ನಾನು ಇನ್ನೂ ಯೋಚಿಸಿಲ್ಲವೆಂದೆ. ಅಂದಿನಿಂದ ನಾನು ಹೊಲಕ್ಕೆ ಹೊರಟಾಗಲೆಲ್ಲ ನನ್ನ ಹೆಂಡತಿ ಅನಸೂಯಮ್ಮ ಏನೋ ಒಂದು ಕೆಲಸದ ನೆಪದಲ್ಲಿ ಹಿಂದೆಯೇ ಬರುತ್ತಾಳೆ.

ಆದ್ದರಿಂದ ನನ್ನ ಸಾಕ್ಷಿಯನ್ನು ಇಲ್ಲೇ ಹೇಳಿಬಿಡುತ್ತೇನೆ: ದೊಡ್ಡಗಂಗಮ್ಮನವರು ಕೈ ಎತ್ತಿದ್ದನ್ನು ನಾನು ಕಣ್ಣಾರೆ ಕಂಡೆ, ಎರಡು ಸಲ ಎಣಿಸಿದೆ, ಮುನಿರಾಮಪ್ಪ ಗೆದ್ದಿದ್ದಾನೆ. ತಾವು ನಮ್ಮ ಊರಿಗೇ ಬಂದು, ಯಾರ ತೋಟದಲ್ಲೂ ತಂಗದೆ, ಎಲ್ಲರೆದುರು ವಿಚಾರಣೆ ಮುಗಿಸಿ ತೀರ್ಪು ಕೊಡಬೇಕು. ಅದಾಗದೆ ಕಚೇರಿಗೇ ಕರೆಸುವಿರಾದರೆ, ಖಂಡಿತ ಹೊರಡುತ್ತೇನೆ. ನನ್ನ ಹೆಸರು ಕೂಗಿಸಿದಾಗ ನಾನು ಅಲ್ಲಿ ಇಲ್ಲದಿದ್ದರೆ ‘ಗೈರುಹಾಜರು’ ಎಂದು ಬರೆದು ಕಡತ ಕಟ್ಟಬೇಡಿ. ದಾರಿಯಲ್ಲಿ ಹುಡುಕಲು ಒಬ್ಬ ಜವಾನನನ್ನು ಕಳುಹಿಸಿ.

ಇಂತಿ,
ಇದನ್ನು ಬರೆಯುವ ಹೊತ್ತಿಗೆ ಕ್ಷೇಮವಾಗಿರುವ
ಕೋದಂಡರಾಮಪ್ಪ