ನಾಲಿಗೆಯ ಮೇಲೆ ಚಮಚ

ಹದಿನಾಲ್ಕು, ಮಂಗಳವಾರ.

ಸಿಟ್ಟು ಇನ್ನೂ ಇಳಿದಿಲ್ಲ. ಮಾತಿನ ಚಿಕಿತ್ಸೆಗೆ ನನ್ನ ಹತ್ತಿರ ಬರುವ ಐದು ವರ್ಷದ ಹುಡುಗಿಯೊಬ್ಬಳು ‘ಕ’ ಬರಬೇಕಾದ ಕಡೆಯೆಲ್ಲ ‘ತ’ ಅನ್ನುತ್ತಾಳೆ. ನಾಲಿಗೆಗೆ ಏನೂ ಆಗಿಲ್ಲ. ಎರಡೂ ಬೇರೆ ಬೇರೆ ಅನ್ನುವುದು ಅವಳ ತಲೆಗೆ ಹೋಗಬೇಕು, ಅಷ್ಟೇ. ಅದಕ್ಕೇ ಚಿತ್ರದ ಕಾರ್ಡುಗಳ ಆಟ. ಕಟ್ಟೆಯ ಚಿತ್ರ ಬೇಕಿದ್ದು ‘ತಟ್ಟೆ’ ಅಂದರೆ ತಟ್ಟೆಯ ಚಿತ್ರವನ್ನೇ ಕೊಡುತ್ತೇನೆ. ಹೋದ ವಾರ ನಗುತ್ತ ತಾನೇ ತಿದ್ದಿಕೊಂಡಿದ್ದಳು.

ಇವತ್ತು ಬಾಯಿಯೇ ಬಿಡಲಿಲ್ಲ.

“ಆಟ ಆಡಿದ್ರೆ ಮಾತು ಬರುತ್ತಾ ಮೇಡಂ? ದಿನಾ ಚಮಚದಲ್ಲಿ ನಾಲಿಗೆ ಒತ್ತಿ ನೂರು ಸಲ ಹೇಳಿಸ್ತಿದೀನಿ,” ಅಂದರು ಅವಳ ಅಜ್ಜಿ, ಹೆಮ್ಮೆಯಿಂದ.

ಮೈ ಉರಿದುಹೋಯಿತು. “ಯಾರು ಹೇಳಿದ್ದು ನಿಮಗೆ?”

ಚೀಲದಿಂದ ಚೀಟಿ ತೆಗೆದರು. ‘ಮನೆಯಲ್ಲಿ ಚೆನ್ನಾಗಿ ಅಭ್ಯಾಸ ಮಾಡಿಸಿ.’ ನನ್ನದೇ ಅಕ್ಷರ. ಹೇಗೆ ಅಂತ ಒಂದು ಸಾಲೂ ಬರೆದಿರಲಿಲ್ಲ.

ಚೀಟಿ ತೆಗೆದುಕೊಳ್ಳಲು ಕೈ ಚಾಚಿದೆ. ಮಗು ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಿತು.