ಮೆಟ್ಟಿಲ ಬಳಿ ಒಂದು ಹಲಗೆ

ಮನೆ ಮಾಲೀಕರಿಗೆ ನಮಸ್ಕಾರಗಳು.

ನಾನು ಎರಡನೇ ಮಹಡಿಗೆ ಹೊಸದಾಗಿ ಬಾಡಿಗೆಗೆ ಬಂದವಳು. ಬಂದ ದಿನವೇ ಕಟ್ಟಡದ ವಾಟ್ಸಾಪ್ ಗುಂಪಿಗೆ ಸೇರಿಸಿಕೊಂಡರು, ವಾರದಲ್ಲೇ ಇಲ್ಲಿಯವಳಾಗಿಬಿಟ್ಟೆ. ಮೇಲಿನ ಮನೆಯಲ್ಲಿ ಒಬ್ಬರೇ ಇದ್ದ ಮೇಷ್ಟ್ರು ಆಸ್ಪತ್ರೆಯಲ್ಲಿ ತೀರಿಕೊಂಡ ಸುದ್ದಿಯೂ ಅಲ್ಲೇ ಬಂತು. ಗುಂಪಿನವರೆಲ್ಲರೂ ಮಣ್ಣಿಗೆ ಹೋಗಿಬಂದೆವು.

ಮರುದಿನ ಕೆಳಮನೆಯ ಟೈಲರಮ್ಮ ಮೇಷ್ಟ್ರಿಗೆಂದು ಹೊಲಿದ ಅಂಗಿ ಹಿಡಿದು ಮೇಲೆ ಹೋಗಿ, ಇಳಿದು ನನ್ನ ಬಾಗಿಲಿಗೆ ಬಂದರು. ಅವರ ಬಳಿ ವಾಟ್ಸಾಪ್ ಇರುವಂಥ ಫೋನಿಲ್ಲ.

“ಮೇಷ್ಟ್ರು ಬಾಗ್ಲು ತೆಗೀತಿಲ್ಲ. ಊರಿಗೆ ಹೋದ್ರಾ?”

ಹೇಳಿದೆ. ಅಂಗಿಯನ್ನು ಎದೆಗವಚಿಕೊಂಡು ಮೆಟ್ಟಿಲ ಮೇಲೇ ಕುಳಿತುಬಿಟ್ಟರು.

“ಇಷ್ಟು ವರ್ಷದಿಂದ ಇಲ್ಲೇ ಇದೀನಲ್ಲಮ್ಮ, ಒಬ್ಬರಿಗೂ ನನ್ನ ನೆನಪಾಗ್ಲಿಲ್ವಾ?”

ದಯವಿಟ್ಟು ಮೆಟ್ಟಿಲ ಬಳಿಯ ಗೋಡೆಗೆ ಒಂದು ಹಲಗೆ ಹಾಕಲು ಅನುಮತಿ ಕೊಡಿ. ಗುಂಪಿನ ಸುದ್ದಿಯನ್ನು ದಿನವೂ ನಾನೇ ಬರೆಯುತ್ತೇನೆ. ಸಾವಿನ ಸುದ್ದಿಯನ್ನು ಮಾತ್ರ ಬರೆಯುವುದಿಲ್ಲ. ಅದನ್ನು ಟೈಲರಮ್ಮನ ಮನೆಗೇ ಹೋಗಿ ಹೇಳುತ್ತೇನೆ.

ಇಂತಿ,
ಎರಡನೇ ಮಹಡಿಯವಳು